ಪವರ್ ಇಲ್ಲದ ಕನ್ನಡಕ

ನಾನು ಅವರನ್ನು ಮೊದಲ ಸಲ ನೋಡಿದಾಗ ಅವರ ಹೆಸರು ಬೇರೆ ಇತ್ತು, ಊರು ಬೇರೆ ಇತ್ತು, ಎದೆಯಲ್ಲಿ ಇಲ್ಲದ ಗಂಟೊಂದು ಇತ್ತು. ಹ್ಯೂಸ್ಟನ್ನಿನ ಒಂದು ವೈದ್ಯಕೀಯ ಕಾಲೇಜಿನ ಕಿಟಕಿಯಿಲ್ಲದ ಪುಟ್ಟ ಕೋಣೆಯಲ್ಲಿ, ನೀಲಿ ಗೌನು ತೊಟ್ಟು, ಪರೀಕ್ಷೆಯ ಮಂಚದ ಮೇಲೆ ಕಾಲು ಇಳಿಬಿಟ್ಟು ಕೂತಿದ್ದರು. ಮೂಗಿನ ಮೇಲೆ ಕಂದು ಚೌಕಟ್ಟಿನ ದಪ್ಪ ಕನ್ನಡಕ. ಆ ಗಂಟು ಕ್ಯಾನ್ಸರ್ ಎಂದು ಅವರಿಗೆ ತಿಳಿಸುವುದು ನನ್ನ ಕೆಲಸವಾಗಿತ್ತು. ಹದಿನೈದು ನಿಮಿಷ ಸಮಯ.

ಇಲ್ಲಿನ ವೈದ್ಯಕೀಯ ಕಾಲೇಜುಗಳಲ್ಲಿ ರೋಗಿಯ ಪಾತ್ರ ಮಾಡುವುದಕ್ಕೆಂದೇ ನಟರನ್ನು ಇಟ್ಟುಕೊಳ್ಳುತ್ತಾರೆ. ಡಾಕ್ಟರಾಗಬೇಕಾದವರು ಆ ನಟರನ್ನು ಮಾತಾಡಿಸಬೇಕು, ಮುಟ್ಟಿ ನೋಡಬೇಕು, ಒಳ್ಳೆಯ ಸುದ್ದಿಯನ್ನೋ ಕೆಟ್ಟ ಸುದ್ದಿಯನ್ನೋ ತಿಳಿಸಬೇಕು. ನಟರ ಕೈಗೆ ಸ್ಕ್ರಿಪ್ಟ್ ಕೊಟ್ಟಿರುತ್ತಾರೆ. ಅದರಲ್ಲಿರುವುದಕ್ಕಿಂತ ಒಂದು ಮಾತು ಹೆಚ್ಚಿಗೆ ಆಡುವಂತಿಲ್ಲ, ಒಂದು ಮಾತು ಬಿಡುವಂತಿಲ್ಲ. ಬರುವ ಪ್ರತಿಯೊಬ್ಬ ವಿದ್ಯಾರ್ಥಿಗೂ ಒಂದೇ ರೋಗಿ ಸಿಗಬೇಕು, ಅದಕ್ಕೆ. ಗಂಟೆ ಬಾರಿಸಿದ ಮೇಲೆ ನಟರು ಪಾತ್ರದಿಂದ ಹೊರಗೆ ಬಂದು, ‘ನೀವು ಹೀಗೆ ಮಾಡಿದಾಗ ನನಗೆ ಹೀಗೆ ಅನ್ನಿಸಿತು’ ಎಂದು ಹೇಳುತ್ತಾರೆ. ಆ ವಾಕ್ಯದ ರೂಪವನ್ನೂ ಬದಲಿಸುವಂತಿಲ್ಲ. ಪಾತ್ರದಿಂದ ಹೊರಗೆ ಬಂದೆ ಎಂದು ತಿಳಿಸಲು ಒಬ್ಬೊಬ್ಬರದು ಒಂದೊಂದು ರೀತಿ. ಕೆಲವರು ಕೈ ಎತ್ತುತ್ತಾರೆ, ಕೆಲವರು ಎದ್ದು ನಿಂತು ಮತ್ತೆ ಕೂರುತ್ತಾರೆ. ನಾನು ಹೇಳುತ್ತಿರುವವರು ಕನ್ನಡಕ ತೆಗೆದು ಮಡಿಸಿ ಮೇಜಿನ ಮೇಲೆ ಇಡುತ್ತಿದ್ದರು.

ನಾನು ಮೈಸೂರಿನಲ್ಲಿ ಎಂ.ಬಿ.ಬಿ.ಎಸ್. ಮುಗಿಸಿ ಇಲ್ಲಿ ತರಬೇತಿಗೆಂದು ಹೊಸದಾಗಿ ಬಂದವಳು. ನನ್ನ ಇಂಗ್ಲಿಷು ಸರಿಯಾಗಿಯೇ ಇತ್ತು. ರಿಪೋರ್ಟಿನಲ್ಲಿ ಏನಿದೆ, ಚಿಕಿತ್ಸೆಗಳು ಯಾವುವು ಎಂಬುದನ್ನೆಲ್ಲ ಒಂದೇ ಉಸಿರಿನಲ್ಲಿ ಹೇಳಿ ಮುಗಿಸಿದೆ. ಅವರು ಸುಮ್ಮನೆ ನನ್ನನ್ನೇ ನೋಡಿದರು. ಆಮೇಲೆ, “ಹಾಗಾದರೆ ಇವತ್ತು ಸಂಜೆ ನಾನು ಅಡುಗೆ ಮಾಡಬೇಕಾ?” ಎಂದು ಕೇಳಿದರು.

“ಊಟದಲ್ಲಿ ಪಥ್ಯ ಏನೂ ಇಲ್ಲ,” ಎಂದೆ ನಾನು.

ಗಂಟೆ ಬಾರಿಸಿತು. ಅವರು ಕನ್ನಡಕ ತೆಗೆದರು. ಅದೇ ಮಂಚದ ಮೇಲೆ, ಅದೇ ಗೌನಿನಲ್ಲಿ, ನಾನು ಆವರೆಗೆ ನೋಡಿಯೇ ಇರದ ಹೆಂಗಸೊಬ್ಬರು ಕೂತಿದ್ದರು. ಧ್ವನಿಯೂ ಬೇರೆ, ಭುಜಗಳೂ ಬೇರೆ. ಆಗಲೇ ನನಗೆ ಅವರು ಇಂಗ್ಲೆಂಡಿನವರು ಎಂದು ತಿಳಿದದ್ದು.

“ನೀನು ಬಾಗಿಲ ಹಿಡಿಕೆ ಹಿಡಿದುಕೊಂಡೇ ಮಾತಾಡಿದಾಗ, ಈ ಕೋಣೆಯಿಂದ ನನಗಿಂತ ಮೊದಲು ಈ ಹುಡುಗಿಗೇ ತಪ್ಪಿಸಿಕೊಳ್ಳಬೇಕಾಗಿದೆ ಅಂತ ನನಗೆ ಅನ್ನಿಸಿತು,” ಎಂದರು.

ನಾನು ನನ್ನ ಎಡಗೈಯನ್ನು ನೋಡಿಕೊಂಡೆ. ಅದು ಇನ್ನೂ ಹಿಡಿಕೆಯ ಮೇಲೇ ಇತ್ತು.

ಆಗ ನಾನು ಹ್ಯೂಸ್ಟನ್ನಿನ ಪಕ್ಕದ ಪೇರ್ಲ್ಯಾಂಡಿನಲ್ಲಿ ದೊಡ್ಡಮ್ಮನ ಮಗಳ ಮನೆಯಲ್ಲಿದ್ದೆ. ಆ ದಿನ ಊಟಕ್ಕೆ ಕೂತವಳು ತಟ್ಟೆಯ ಮುಂದೆ ಅಳತೊಡಗಿದೆ.

“ಯಾರೋ ನಾಟಕದವಳು ಬೈದಳು ಅಂತ ಅಳ್ತೀಯಲ್ಲೇ! ಮೊದಲು ಊಟ ಮಾಡು. ಹುಳಿ ಆರ್ತಾ ಇದೆ,” ಎಂದಳು ಅಕ್ಕ.

“ಬೈಲಿಲ್ಲ ಕಣೇ. ಬೈದಿದ್ರೆ ಚೆನ್ನಾಗಿತ್ತು.”

“ಮತ್ತೇನ್ ಮಾಡಿದಳು?”

“ನೋಡಿದಳು,” ಎಂದೆ. ಅಕ್ಕನಿಗೆ ಅದು ಅರ್ಥವಾಗಲಿಲ್ಲ. ನನಗೂ ಪೂರ್ತಿ ಅರ್ಥವಾಗಿರಲಿಲ್ಲ.

ಮರುವಾರ ಕಾಲೇಜಿನ ಕ್ಯಾಂಟೀನಿನಲ್ಲಿ ಅವರು ಒಬ್ಬರೇ ಕೂತು ಚಹಾದ ಲೋಟವನ್ನು ಬೇಸರದಿಂದ ನೋಡುತ್ತಿದ್ದರು. ನೀರು ಸರಿಯಾಗಿ ಕುದಿದಿಲ್ಲ ಎಂಬುದು ಅವರ ದೂರು. ಟೆಕ್ಸಾಸಿಗೆ ಬಂದು ದಶಕಗಳಾದರೂ ಆ ದೂರು ಹಾಗೇ ಉಳಿದಿತ್ತು. ನಾನು ಅಭ್ಯಾಸಬಲದಿಂದ, “ಆಂಟಿ, ಇಲ್ಲಿ ಕೂರಬಹುದಾ?” ಎಂದೆ.

“ಆಂಟಿ? ಹಾಗಾದರೆ ನನ್ನ ತಮ್ಮನಿಗೆ ಮಗಳಿದ್ದಾಳೆ ಅಂತಾಯಿತು. ಅವನಿಗೆ ಕಾಗದ ಬರೆಯಬೇಕು. ಪಾಪ, ಗಾಬರಿಯಾಗುತ್ತಾನೆ.”

ಕೊನೆಯವರೆಗೂ ನಾನು ಅವರನ್ನು ಆಂಟಿ ಎಂದೇ ಕರೆದೆ. ಅವರು ನನ್ನನ್ನು ಡಾರ್ಲಿಂಗ್ ಎಂದರು. ಅದು ನನಗೊಬ್ಬಳಿಗೇ ಸಂದದ್ದಲ್ಲ. ರಂಗಭೂಮಿಯವರು ಎಲ್ಲರನ್ನೂ ಹಾಗೆ ಕರೆಯುವುದು ಹೆಸರು ನೆನಪಿರುವುದಿಲ್ಲವಾದ್ದರಿಂದ ಎಂದು ಅವರೇ ಹೇಳಿದ್ದರು. ನಾನೂ ಇಲ್ಲಿ ಅವರ ಹೆಸರು ಬರೆಯುವುದಿಲ್ಲ. ಹನ್ನೊಂದು ಹೆಸರುಗಳಲ್ಲಿ ಅವರನ್ನು ಬಲ್ಲೆ. ಹನ್ನೊಂದು ಕಾಯಿಲೆಗಳು, ನಾಲ್ವರು ಗಂಡಂದಿರು, ಒಮ್ಮೆ ತೀರಿಹೋದ ಮಗ. ಎಲ್ಲವೂ ಸ್ಕ್ರಿಪ್ಟಿನವು. ಹನ್ನೆರಡನೆಯದು ಅವರ ನಿಜವಾದ ಹೆಸರು.

ಅವರ ನಿಜವಾದ ಬದುಕನ್ನು ನಾನು ಚೂರುಚೂರಾಗಿ ಕೇಳಿದ್ದೇನೆ. ಆ ಚೂರುಗಳು ಒಂದಕ್ಕೊಂದು ಹೊಂದುವುದಿಲ್ಲ. ಇಂಗ್ಲೆಂಡಿನ ಉತ್ತರದ ಯಾವುದೋ ಕಡಲತೀರದ ಊರು, ಅಷ್ಟು ಖಚಿತ. ತಂದೆ ಒಮ್ಮೆ ಬೇಕರಿಯವರಾಗಿದ್ದರೆ ಇನ್ನೊಮ್ಮೆ ಟ್ರಾಮಿನ ಕಂಡಕ್ಟರು. ಹತ್ತು ವರ್ಷದವರಿದ್ದಾಗ ಮಕ್ಕಳ ಕ್ರಿಸ್‌ಮಸ್ ನಾಟಕದಲ್ಲಿ ಅವರಿಗೆ ಸಿಕ್ಕ ಮೊದಲ ಪಾತ್ರ, ಇಬ್ಬರು ಒಳಹೊಕ್ಕು ಆಡುವ ಬಟ್ಟೆಯ ಹಸುವಿನ ಹಿಂಭಾಗ. ಮುಂಭಾಗದಲ್ಲಿದ್ದವರು ಒಂದು ಸಲ ಕುಡುಕ ಮುದುಕರಾಗಿದ್ದರು, ಇನ್ನೊಂದು ಸಲ ಹೇಳಿದಾಗ ಮೊಂಡು ಹುಡುಗಿ. ಆದರೆ ಹಸುವಿನೊಳಗಿನ ಕತ್ತಲೆ, ಗೋಂದು ಮತ್ತು ಉಣ್ಣೆಯ ವಾಸನೆ, ಬೆನ್ನು ಬಗ್ಗಿಸಿ ಮುಂದಿನವರ ಸೊಂಟ ಹಿಡಿದು ನಡೆಯುವುದು, ಇವು ಎಷ್ಟು ಸಲ ಹೇಳಿದರೂ ಬದಲಾಗಲಿಲ್ಲ. ಹಾಗಾಗಿ ಅದನ್ನು ನಂಬಿದ್ದೇನೆ.

“ಒಳಗಿನಿಂದ ಏನೂ ಕಾಣುವುದಿಲ್ಲ, ಡಾರ್ಲಿಂಗ್. ನಗು ಮಾತ್ರ ಕೇಳುತ್ತದೆ. ಸಾವಿರ ಮಕ್ಕಳ ನಗು, ಮಳೆ ಬಂದ ಹಾಗೆ. ಯಾಕೆ ನಗುತ್ತಿದ್ದಾರೆ, ನಾನು ಏನು ಮಾಡಿದೆ, ಗೊತ್ತಿಲ್ಲ. ಅವತ್ತೇ ನಿಶ್ಚಯ ಮಾಡಿದೆ, ನನಗೆ ಬೇಕಾದ್ದು ಇದು ಅಂತ.”

ಆಮೇಲೆ ರೇಡಿಯೊದಲ್ಲಿ ಜಗಳಗಂಟಿ ಅತ್ತೆಯಾದರು, ಅದೂ ಇಪ್ಪತ್ತೆರಡನೆಯ ವಯಸ್ಸಿಗೆ. ಟಿ.ವಿ.ಯ ಹಾಸ್ಯ ಸರಣಿಯೊಂದರಲ್ಲಿ ಪಕ್ಕದ ಮನೆಯ ಹೆಂಗಸಾದರು. ಟೂತ್‌ಪೇಸ್ಟಿನ ಜಾಹೀರಾತಿನಲ್ಲಿ ಹಲ್ಲಾದರು. ಕಾರ್ಟೂನಿನಲ್ಲಿ ಕೋಳಿಯ ಧ್ವನಿಯಾದರು. ಒಂದು ನಾಟಕದ ತಂಡದ ಜೊತೆ ಎರಡು ವಾರಕ್ಕೆಂದು ಹ್ಯೂಸ್ಟನ್ನಿಗೆ ಬಂದವರು, ರಂಗಮಂದಿರದ ಪಿಯಾನೊ ಶ್ರುತಿ ಮಾಡಲು ಬಂದವನನ್ನು ಮದುವೆಯಾಗಿ ಇಲ್ಲಿಯೇ ಉಳಿದರು. “ಅವನಿಗೆ ನನ್ನ ಹಾಸ್ಯ ಒಂದೂ ಅರ್ಥವಾಗುತ್ತಿರಲಿಲ್ಲ. ಮೂವತ್ತು ವರ್ಷ ಪ್ರಯತ್ನಪಟ್ಟೆ. ಅಂಥ ಪ್ರೇಕ್ಷಕನನ್ನು ಬಿಟ್ಟು ಹೋಗೋದಕ್ಕಾಗುತ್ತದೆಯೇ?” ಡಲ್ಲಾಸಿನಲ್ಲಿ ಜನ ಊಟ ಮಾಡುತ್ತಾ ನಾಟಕ ನೋಡುವ ರಂಗಮಂದಿರವೊಂದರಲ್ಲಿ ಕೆಲವು ವರ್ಷ ಅಭಿನಯಿಸಿದರು. ತಾನು ಸಾಯುವ ದೃಶ್ಯಕ್ಕೆ ಸರಿಯಾಗಿ ಬೇಯಿಸಿದ ಆಲೂಗಡ್ಡೆ ಬರುತ್ತಿತ್ತು, ಅದರ ಮುಂದೆ ಯಾವ ಸಾವೂ ನಿಲ್ಲುವುದಿಲ್ಲ ಎನ್ನುತ್ತಿದ್ದರು.

ಗಂಡ ತೀರಿಕೊಂಡ ಮೇಲೆ ಅವರು ಆಸ್ಟಿನ್ನಿಗೆ ಶಿಫ್ಟ್ ಆದರು. ನಾನು ಅಷ್ಟರಲ್ಲಿ ತರಬೇತಿ ಮುಗಿಸಿ, ಮದುವೆಯಾಗಿ, ಡಲ್ಲಾಸಿನ ಪಕ್ಕದ ಯೂಲೆಸ್‌ನಲ್ಲಿ ಕ್ಲಿನಿಕ್ ಸೇರಿದ್ದೆ. ವರ್ಷಕ್ಕೆ ಎರಡು ಸಲ ಆಸ್ಟಿನ್ನಿನ ಒಂದು ಕಾಲೇಜಿಗೆ ಪರೀಕ್ಷಕಿಯಾಗಿ ಹೋಗುತ್ತಿದ್ದೆ. ಅಲ್ಲಿಯೂ ಅವರು ರೋಗಿಯಾಗಿದ್ದರು. ಆ ಊರಿನ ಹಳೆಯ ಕಟ್ಟಡವೊಂದರ ಲಿಫ್ಟಿನಲ್ಲಿ ಅವರದೇ ಧ್ವನಿ ಇತ್ತು, ಎಂದೋ ರೆಕಾರ್ಡ್ ಮಾಡಿದ್ದು. ಒಂದು ಮಧ್ಯಾಹ್ನ ಅದನ್ನು ಕೇಳಿಸಲೆಂದೇ ನನ್ನನ್ನು ಕರೆದುಕೊಂಡು ಹೋದರು. ಲಿಫ್ಟಿನಲ್ಲಿ ನಾವಿಬ್ಬರೇ. “ಬಾಗಿಲು ಮುಚ್ಚುತ್ತಿದೆ,” ಎಂದಿತು ಮೂವತ್ತೈದರ ಹೆಂಗಸಿನ ಧ್ವನಿ. “ಥ್ಯಾಂಕ್ಯೂ, ಡಾರ್ಲಿಂಗ್,” ಎಂದರು ಎಪ್ಪತ್ತು ದಾಟಿದ ಹೆಂಗಸು, ತಲೆಯೆತ್ತಿ, ಮೇಲಿನ ಪುಟ್ಟ ಜಾಲರಿಯನ್ನು ನೋಡುತ್ತಾ. ನಾವು ಆರನೇ ಮಹಡಿಗೆ ಹೋದೆವು, ಇಳಿಯದೆ ಕೆಳಗೆ ಬಂದೆವು, ಮತ್ತೆ ಹೋದೆವು. ಬಾಗಿಲು ತೆರೆದಾಗಲೆಲ್ಲ ಬಿಸಿಲಿನ ಒಂದು ಚೌಕ ಒಳಗೆ ಬಂದು ನಮ್ಮ ಕಾಲಿನ ಮೇಲೆ ಬಿದ್ದು ಮತ್ತೆ ಕಿರಿದಾಗುತ್ತಿತ್ತು. ಎಷ್ಟು ಹೊತ್ತು ಹಾಗೆ ಏರಿ ಇಳಿದೆವೋ ನೆನಪಿಲ್ಲ. ಅವರ ಜೊತೆ ಕಳೆದ ಹೊತ್ತುಗಳಿಗೆ ನನ್ನ ನೆನಪಿನಲ್ಲಿ ಆರಂಭವೂ ಇಲ್ಲ, ಕೊನೆಯೂ ಇಲ್ಲ. ನೀರಿನ ಕೆಳಗೆ ನಡೆದ ಹಾಗೆ.

ಒಂದು ಯುಗಾದಿಗೆ ಅವರನ್ನು ಡಲ್ಲಾಸಿಗೆ ಕರೆಸಿದ್ದೆ. ನಮ್ಮ ಕನ್ನಡದವರ ಕಾರ್ಯಕ್ರಮದಲ್ಲಿ ಒಂದು ನಗೆನಾಟಕ, ಅದರಲ್ಲಿ ಗಂಡನ ಪಾತ್ರದವರು ಎಡವಿ ಬೀಳಬೇಕು. ಬೀಳುವುದನ್ನು ಕಲಿಸಲು ಒಬ್ಬರಿದ್ದಾರೆ ಎಂದಾಗ, ನಾಟಕ ಆಡಿಸುತ್ತಿದ್ದ ಧಾರವಾಡದ ಆಂಟಿ ನಕ್ಕುಬಿಟ್ಟರು.

“ಬೀಳೂದನ್ನೂ ಕಲಸಬೇಕೇನ್ರಿ ಡಾಕ್ಟರ್? ನಮ್ಮನಿಯವ್ರು ಹುಟ್ಟಿದಾಗಿಂದ ಅದನ್ನ ಮಾಡ್ಕೋತ ಬಂದಾರ್ರಿ.”

“ಏ, ಬೀಳೂದು ಬ್ಯಾರೆ, ನೀ ದಬ್ಬೂದು ಬ್ಯಾರೆ,” ಎಂದರು ಗಂಡನ ಪಾತ್ರದಲ್ಲಿದ್ದ ಅವರ ಯಜಮಾನರು.

ನಾನು ಇದನ್ನು ಅನುವಾದಿಸಿ ಹೇಳುವ ಮೊದಲೇ ನನ್ನ ಆಂಟಿ ನಗುತ್ತಿದ್ದರು. ನಂತರ ಎದ್ದು, ಶಾಲೆಯ ಸಭಾಂಗಣದ ಆ ಮರದ ನೆಲದ ಮೇಲೆ, ಎಪ್ಪತ್ತು ದಾಟಿದ ಆ ಹೆಂಗಸು ಬಿದ್ದು ತೋರಿಸಿದರು. ಕೂಗಲು ಬಾಯಿ ತೆರೆದ ನನಗೆ ಧ್ವನಿ ಹೊರಡುವಷ್ಟರಲ್ಲಿ ಎದ್ದು ನಿಂತಿದ್ದರು.

“ಬೀಳಲು ಹೋಗಬೇಡಿ,” ಎಂದರು ಯಜಮಾನರಿಗೆ. “ನಿಲ್ಲಲು ಹೋಗಿ. ಕೈಲಾದಷ್ಟು ಹೊತ್ತು ನಿಂತುಕೊಳ್ಳಲು ಒದ್ದಾಡಿ. ಜನ ಬಿದ್ದದ್ದಕ್ಕೆ ನಗುವುದಿಲ್ಲ, ಆ ಒದ್ದಾಟಕ್ಕೆ ನಗುತ್ತಾರೆ.”

ಆರು ವರ್ಷದ ನನ್ನ ಮಗಳು ಅವರ ಲಂಗ ಜಗ್ಗಿ, “ಡಸ್ ಇಟ್ ಹರ್ಟ್?” ಎಂದಳು.

“ಯಾವಾಗಲೂ,” ಎಂದರು ಅವರು, ಬಗ್ಗಿ, ಗುಟ್ಟು ಹೇಳುವವರ ಹಾಗೆ. “ಆದರೆ ಅದನ್ನು ಟಿಕೆಟ್ಟಿನ ಮೇಲೆ ಬರೆದಿರುವುದಿಲ್ಲ.”

ಈಗ ಬರೆಯಲೇಬೇಕಾದದ್ದಕ್ಕೆ ಬರುತ್ತೇನೆ. ನನಗೆ ನೆನಪಿರುವಷ್ಟನ್ನು, ನೆನಪಿರುವ ಕ್ರಮದಲ್ಲಿ ಬರೆಯುತ್ತೇನೆ.

ಕಳೆದ ಶರತ್ಕಾಲದ ಪರೀಕ್ಷೆ, ಆಸ್ಟಿನ್. ಬೆಳಗ್ಗೆ ಹತ್ತು ಗಂಟೆ ದಾಟಿತ್ತು. ಪರೀಕ್ಷಕರು ಕೂರುವುದು ಪಕ್ಕದ ಇಕ್ಕಟ್ಟಾದ ಕೋಣೆಯಲ್ಲಿ. ನಡುವೆ ಒಂದು ಗಾಜು. ನಮ್ಮ ಕಡೆಯಿಂದ ಅದು ಕಿಟಕಿ, ಅವರ ಕಡೆಯಿಂದ ಬರೀ ಕನ್ನಡಿ. ಒಳಗಿನ ಮಾತು ಒಂದು ಸ್ಪೀಕರಿನಲ್ಲಿ ಕೇಳುತ್ತದೆ. ಆ ದಿನ ಅವರ ಪಾತ್ರ, ಊಟವಾದ ಮೇಲೆ ಎದೆಯುರಿ ಬರುವ ನಿವೃತ್ತ ಗುಮಾಸ್ತೆಯದು. ಅದೇ ಪಾತ್ರವನ್ನು ವರ್ಷಗಳಿಂದ ಮಾಡುತ್ತಿದ್ದರು. ಒಂದು ಪದ ಆಚೀಚೆ ಆದದ್ದನ್ನು ನಾನು ಕಂಡಿರಲಿಲ್ಲ. ಹಾಸ್ಯ ನಟಿಯಾಗಿದ್ದವರು, ಮಾತು ಸೇರಿಸುವುದೇ ಕಸುಬಾಗಿದ್ದವರು ಹೇಗೆ ಇಷ್ಟು ಬಿಗಿಯಾಗಿರುತ್ತಾರೆ ಎಂದು ಒಮ್ಮೆ ಕೇಳಿದ್ದೆ. “ಇಲ್ಲಿ ನಾನು ಹಾಡುವವಳಲ್ಲ, ಪಿಯಾನೊ. ಮಕ್ಕಳು ಅಭ್ಯಾಸ ಮಾಡಬೇಕಾದರೆ ಪಿಯಾನೊ ಶ್ರುತಿ ತಪ್ಪಬಾರದು,” ಎಂದಿದ್ದರು.

ವಿದ್ಯಾರ್ಥಿ ಉದ್ದನೆಯ, ಹೆದರಿದ ಯುವಕ. ಕೇಳಬೇಕಾದ್ದನ್ನೆಲ್ಲ ಕೇಳಿದ. ಕೊನೆಗೆ, “ಇನ್ನೇನಾದರೂ ತೊಂದರೆ ಇದೆಯೇ?” ಎಂದ. ಸ್ಕ್ರಿಪ್ಟಿನಲ್ಲಿ ಇದಕ್ಕೆ ಇದ್ದ ಉತ್ತರ, ‘ಇಲ್ಲ, ಇಷ್ಟೇ.’

ಅವರು ಸುಮ್ಮನಿದ್ದರು. ಎರಡು ಉಸಿರಿನಷ್ಟು ಹೊತ್ತು. ಆಮೇಲೆ ಹೇಳಿದರು:

“ನನ್ನ ಸ್ಕರ್ಟಿನ ಗುಂಡಿ ಕಾಜಕ್ಕೆ ತಲುಪುತ್ತಿಲ್ಲ. ತೋಳು ನೋಡಿದರೆ ಕಡ್ಡಿಯಾಗಿದೆ, ಹೊಟ್ಟೆ ಮಾತ್ರ ಮುಂದೆ ಬರುತ್ತಿದೆ. ರಬ್ಬರ್ ಬ್ಯಾಂಡ್ ಸಿಕ್ಕಿಸಿಕೊಂಡಿದ್ದೇನೆ. ಎಪ್ಪತ್ತಾರನೆಯ ವಯಸ್ಸಿಗೆ ಬಸುರಿ, ಡಾಕ್ಟರ್. ಪೇಪರಿನವರಿಗೆ ನೀವು ಹೇಳುತ್ತೀರಾ, ನಾನೇ ಹೇಳಲಾ?”

ನಾನು ನಕ್ಕೆ. ಮುಗುಳ್ನಗೆಯಲ್ಲ. ಕೈಯಲ್ಲಿದ್ದ ಕಾಫಿ ಚೆಲ್ಲುವಷ್ಟು ಜೋರಾಗಿ ನಕ್ಕೆ. ಅವರ ಸಮಯಪ್ರಜ್ಞೆ ಅಷ್ಟು ಚೆನ್ನಾಗಿತ್ತು. ವಿದ್ಯಾರ್ಥಿ ಪೆಚ್ಚಾಗಿ ಹಲ್ಲು ಬಿಟ್ಟ. ಕಾಗದದಲ್ಲಿ ಏನೂ ಬರೆಯಲಿಲ್ಲ. ಅವರು ತಲೆಯನ್ನು ಸ್ವಲ್ಪ, ಬಹಳ ಸ್ವಲ್ಪ, ಕನ್ನಡಿಯ ಕಡೆ ತಿರುಗಿಸಿದರು. ನಂತರ ಗಂಟೆ ಬಾರಿಸಿತು. ನಾನು ನನ್ನ ಹಾಳೆಯಲ್ಲಿ ಬರೆದೆ: ‘ಒಂದು ಸಾಲು ಸ್ಕ್ರಿಪ್ಟಿನಲ್ಲಿಲ್ಲದ್ದು. ಜ್ಞಾಪಿಸಬೇಕು.’

ಜ್ಞಾಪಿಸಿದೆ ಕೂಡ. ಹೊರಗಿನ ಓಣಿಯಲ್ಲಿ ಸಿಕ್ಕಾಗ, “ಆ ಸಾಲು ತುಂಬಾ ಚೆನ್ನಾಗಿತ್ತು ಆಂಟಿ. ಆದರೆ ಸ್ಕ್ರಿಪ್ಟಿನಲ್ಲಿ ಇಲ್ಲವಲ್ಲ,” ಎಂದೆ.

“ತಪ್ಪಾಯಿತು, ಡಾರ್ಲಿಂಗ್. ಇನ್ನು ಹೇಳುವುದಿಲ್ಲ.”

ಆಗ ಅವರು ಕನ್ನಡಕ ತೆಗೆದಿದ್ದರು. ಇದನ್ನು ನಾನು ಖಚಿತವಾಗಿ ಹೇಳಬಲ್ಲೆ.

ಹೇಳಿದ ಹಾಗೆ ಅವರು ನಾಲ್ಕು ತಿಂಗಳು ಅದನ್ನು ಯಾರಿಗೂ ಹೇಳಲಿಲ್ಲ. ಆ ನಾಲ್ಕು ತಿಂಗಳಲ್ಲಿಯೂ ವಾರಕ್ಕೆ ಎರಡು ದಿನ ವಿದ್ಯಾರ್ಥಿಗಳು ಅವರ ನಾಡಿ ಹಿಡಿದರು, ಹೊಟ್ಟೆ ಒತ್ತಿದರು, ಎದೆಗೆ ಸ್ಟೆತಸ್ಕೋಪ್ ಇಟ್ಟರು. “ಟೆಕ್ಸಾಸಿನಲ್ಲಿ ನನ್ನಷ್ಟು ಡಾಕ್ಟರುಗಳ ಕೈಗೆ ಸಿಕ್ಕ ಹೆಂಗಸು ಇನ್ನೊಬ್ಬಳಿಲ್ಲ,” ಎಂದು ಅವರು ತಮಾಷೆ ಮಾಡುತ್ತಿದ್ದರು. ಎಲ್ಲರೂ ಸ್ಕ್ರಿಪ್ಟಿನಲ್ಲಿದ್ದ ಕಾಯಿಲೆಯನ್ನು ಹುಡುಕಿದರು, ಅದು ಸಿಕ್ಕಿತು, ಅಂಕ ಪಡೆದರು.

ಜನವರಿಯಲ್ಲಿ ಫೋನ್ ಮಾಡಿದರು. “ನೀನು ನಿಜವಾದ ರೋಗಿಗಳನ್ನೂ ನೋಡುತ್ತೀಯಾ?”

ಬಸ್ಸಿನಲ್ಲಿ ಡಲ್ಲಾಸಿಗೆ ಬಂದರು. ಹೋಗಿ ಕರೆದುಕೊಂಡು ಬಂದೆ. ಯೂಲೆಸ್‌ನ ನನ್ನ ಕ್ಲಿನಿಕ್ಕಿನ ಮೇಲೆ, ಪಕ್ಕದ ನಿಲ್ದಾಣದಲ್ಲಿ ಇಳಿಯುವ ವಿಮಾನಗಳು ಹಾದುಹೋಗುತ್ತವೆ. ಪ್ರತಿ ವಿಮಾನಕ್ಕೂ ಕಿಟಕಿಯ ಗಾಜು ಸಣ್ಣಗೆ ನಡುಗುತ್ತದೆ. ಹೊಟ್ಟೆಯ ಮೇಲೆ ಕೈ ಇಟ್ಟಾಗ ಒಳಗೆ ನೀರು ತುಂಬಿರುವುದು ಗೊತ್ತಾಯಿತು. ಸ್ಕರ್ಟಿನ ಕಾಜದಲ್ಲಿ ರಬ್ಬರ್ ಬ್ಯಾಂಡ್ ಇತ್ತು. ಹಳದಿ ಬಣ್ಣದ್ದು. ಆಗ ನನಗೆ ಆ ಸಾಲು ನೆನಪಾಯಿತು. ಅದರ ಹಿಂದೆಯೇ ನನ್ನ ನಗು ನೆನಪಾಯಿತು.

ಸ್ಕ್ಯಾನಿನ ರಿಪೋರ್ಟ್ ಬರುವವರೆಗೆ ಮೂರು ದಿನ ನಮ್ಮ ಮನೆಯಲ್ಲಿದ್ದರು. ಮಗಳಿಗೆ ಕೋಳಿಯ ಹಾಗೆ ಮಾತಾಡುವುದನ್ನು ಹೇಳಿಕೊಟ್ಟರು. ನಾನು ಅನ್ನ ಕಲೆಸುತ್ತಾ, ಲೋಟ ತೊಳೆಯುತ್ತಾ, ಅವರಿಗೆ ಹೇಳಬೇಕಾದ್ದನ್ನು ಮನಸ್ಸಿನಲ್ಲಿ ಜೋಡಿಸುತ್ತಿದ್ದೆ. ಹೇಳಬೇಕಾದದ್ದು ಎರಡು. ಒಂದು, ರಿಪೋರ್ಟ್. ಇನ್ನೊಂದು, ನೀವು ಹೇಳಿದ್ದು ನನಗೆ ಕೇಳಿಸಿತ್ತು, ನಾನು ನಕ್ಕೆ, ಅಷ್ಟೇ ಅಲ್ಲ, ಹೇಳಬೇಡಿ ಎಂದೂ ಹೇಳಿದೆ, ಎನ್ನುವುದು.

ರಿಪೋರ್ಟ್ ಬಂದ ದಿನ ಕುರ್ಚಿಯನ್ನು ಅವರ ಹತ್ತಿರ ಎಳೆದುಕೊಂಡು ಕೂತೆ. ಬಾಯಿ ತೆರೆಯುವಷ್ಟರಲ್ಲಿ ಅವರು, “ಒಂದು ನಿಮಿಷ,” ಎಂದು ಕೈಚೀಲದಿಂದ ಆ ಕನ್ನಡಕ ತೆಗೆದು ಹಾಕಿಕೊಂಡರು. ಕುತ್ತಿಗೆ ನೆಟ್ಟಗಾಯಿತು. “ಹ್ಞಾಂ, ಈಗ ಹೇಳಿ ಡಾಕ್ಟರ್.”

ಅಂಡಾಶಯದಲ್ಲಿ ಹುಟ್ಟಿದ ಕ್ಯಾನ್ಸರ್ ಹೊಟ್ಟೆಯೆಲ್ಲ ಹರಡಿದೆ ಎಂದು ಹೇಳಿದೆ. ಕ್ಯಾನ್ಸರ್ ಎಂಬ ಪದವನ್ನೇ ಬಳಸಿದೆ. ಒಂದು ವಿಮಾನ ಹೋಯಿತು. ಇನ್ನೊಂದು ಹೋಯಿತು.

“ಹಾಗಾದರೆ ಇವತ್ತು ಸಂಜೆ ನಾನು ಅಡುಗೆ ಮಾಡಬೇಕಾ?” ಎಂದರು.

“ಬೇಡ. ಸಂಜೆ ನೀವು ನಮ್ಮನೆಯಲ್ಲಿರ್ತೀರಿ. ನಾನು ಮಾಡ್ತೀನಿ,” ಎಂದೆ.

ಅವರು ಕನ್ನಡಕ ತೆಗೆದು ಮಡಿಸಿ ಮೇಜಿನ ಮೇಲೆ ಇಟ್ಟರು. “ನೀನು ಕುರ್ಚಿ ಹತ್ತಿರ ಎಳೆದುಕೊಂಡಾಗ ನನಗೆ ಹೆದರಿಕೆಯಾಯಿತು. ಕೂತಾಗ ಕಡಿಮೆಯಾಯಿತು.” ನನ್ನ ಕೆನ್ನೆ ನೋಡಿ, “ಅಳುತ್ತಿದ್ದೀಯ. ಅದು ಸ್ಕ್ರಿಪ್ಟಿನಲ್ಲಿ ಇಲ್ಲ,” ಎಂದರು.

ಆ ಮಾತಿನಲ್ಲಿ ಚುಚ್ಚು ಇತ್ತೇ? ನಾನು ಅದನ್ನು ಎಷ್ಟು ಸಲ ಮನಸ್ಸಿನಲ್ಲಿ ಮತ್ತೆ ಕೇಳಿದರೂ ಚುಚ್ಚು ಸಿಗುವುದಿಲ್ಲ. ಎರಡನೆಯ ವಿಷಯವನ್ನು ನಾನು ಆ ದಿನ ಹೇಳಲಿಲ್ಲ. ಮರುದಿನವೂ ಹೇಳಲಿಲ್ಲ. ಅವರು ಚಿಕಿತ್ಸೆ ಬೇಡವೆಂದು ನಿರ್ಧರಿಸಿ ಆಸ್ಟಿನ್ನಿಗೆ ಹಿಂತಿರುಗಿದರು. ನಾಲ್ಕು ತಿಂಗಳು ಮೊದಲೇ ಗೊತ್ತಾಗಿದ್ದರೆ ಏನಾಗುತ್ತಿತ್ತು ಎಂದು ನನಗೆ ಗೊತ್ತಿಲ್ಲ. ಗೊತ್ತಿಲ್ಲ ಎನ್ನುವುದು ವೈದ್ಯೆಯಾಗಿ ನಾನು ಕೊಡಬಹುದಾದ ಸರಿಯಾದ ಉತ್ತರ. ಆದರೆ ಅದರ ಮೇಲೆ ತಲೆಯಿಟ್ಟು ಮಲಗಲು ಆಗುವುದಿಲ್ಲ.

ಮಾರ್ಚಿನ ಕೊನೆಯ ವಾರ ಅವರನ್ನು ನೋಡಲು ಹೋದೆ. ಹೆದ್ದಾರಿಯ ಎರಡೂ ಬದಿಗೆ ನೀಲಿ ಹೂ ಬಿಟ್ಟಿತ್ತು. ಕೆಲವು ಕಡೆ ಎಷ್ಟು ಒತ್ತಾಗಿತ್ತೆಂದರೆ ಆಕಾಶವೇ ನೆಲಕ್ಕೆ ಸೋರಿದ ಹಾಗೆ ಕಾಣುತ್ತಿತ್ತು. ಯಾರದೋ ಮನೆಯ ಹಿತ್ತಲಲ್ಲಿದ್ದ ಒಂದೇ ಕೋಣೆಯ ಬಾಡಿಗೆ ಮನೆ ಅವರದು. ಮುಂದೆ ಪೆಕಾನ್ ಮರ. ಬಾಗಿಲು ತೆರೆದವರು ಮನೆಯ ಯಜಮಾನಿ, ನಿವೃತ್ತ ಬಸ್ ಡ್ರೈವರ್. “ಬೆಳಗ್ಗೆಯಿಂದ ನಿಮ್ಮನ್ನೇ ಕಾಯುತ್ತಿದ್ದಾಳೆ, ತಲೆ ಬಾಚಿಸಿಕೊಂಡಿದ್ದಾಳೆ,” ಎಂದು ಹೇಳಿ ತಮ್ಮ ಮನೆಗೆ ಹೋದರು.

ಅವರು ಕಿಟಕಿಯ ಪಕ್ಕ ದಿಂಬಿಗೆ ಒರಗಿದ್ದರು. ಮರದ ನೆರಳು ಹೊದಿಕೆಯ ಮೇಲೆ ಸರಿದಾಡುತ್ತಿತ್ತು, ಅವರ ಕೈಗಳೂ ಅದರ ಜೊತೆ ಸರಿದಾಡುವಂತೆ ಕಾಣುತ್ತಿದ್ದವು.

“ಕೂತುಕೋ. ಇವತ್ತು ನಾನು ಡಾಕ್ಟರ್,” ಎಂದರು.

“ಆಂಟಿ, ದಣಿವಾಗುತ್ತೆ ನಿಮಗೆ.”

“ಅರುವತ್ತಾರು ವರ್ಷ ಪಾತ್ರ ಮಾಡಿದೆ. ಒಂದು ಸಲವೂ ಡಾಕ್ಟರ್ ಪಾತ್ರ ಕೊಡಲಿಲ್ಲ. ಹಸು ಕೊಟ್ಟರು, ಕೋಳಿ ಕೊಟ್ಟರು. ಬಗ್ಗು ಇಲ್ಲಿ.”

ಬಗ್ಗಿದೆ. ದಿಂಬಿನ ಪಕ್ಕದಲ್ಲಿದ್ದ ಕನ್ನಡಕವನ್ನು ನನ್ನ ಮುಖಕ್ಕೆ ಹಾಕಿದರು. ಒಂದು ಕಡ್ಡಿ ಕಿವಿಗೆ ಸಿಗದೆ ಕೆನ್ನೆಗೆ ತಾಗಿತು. ಮತ್ತೆ ಎತ್ತಿ ಸರಿಯಾಗಿ ಕೂರಿಸಿದರು. ಅದರಲ್ಲಿ ಪವರ್ ಇಲ್ಲ ಎಂಬುದು ನನಗೆ ಗೊತ್ತಾದದ್ದು ಆಗಲೇ. ಬರೀ ಗಾಜು. ಎಲ್ಲವೂ ಇದ್ದ ಹಾಗೇ ಕಾಣುತ್ತಿತ್ತು.

“ಏನು ತೊಂದರೆ ಅಂತ ಬಂದಿರಿ?” ಎಂದರು, ಡಾಕ್ಟರ ಧ್ವನಿಯಲ್ಲಿ, ಗಂಭೀರವಾಗಿ.

“ತಲೆನೋವು, ಡಾಕ್ಟರ್.”

“ಎಷ್ಟು ದಿನದಿಂದ?”

“ಜನವರಿಯಿಂದ.”

“ನಿದ್ದೆ ಬರುತ್ತದೆಯೇ?”

“ಇಲ್ಲ.”

“ಊಟ?”

“ಪರವಾಗಿಲ್ಲ.”

“ಇನ್ನೇನಾದರೂ ತೊಂದರೆ ಇದೆಯೇ?”

ನಾನು ಸುಮ್ಮನಿದ್ದೆ. ಎರಡು ಉಸಿರಿನಷ್ಟು ಹೊತ್ತು ಎಂದು ಈಗ ಅನ್ನಿಸುತ್ತದೆ, ಹೆಚ್ಚೂ ಇರಬಹುದು. ಹೊರಗೆ ಯಾರೋ ನೀರಿನ ಪೈಪು ತೆರೆದರು. ಎಲೆಗಳ ಮೇಲೆ ನೀರು ಬೀಳುವ ಸದ್ದು.

“ಒಬ್ಬರು ತಮಗೆ ಏನಾಗಿದೆ ಅಂತ ಹೇಳಿದರು. ನಾನು ನಕ್ಕೆ,” ಎಂದೆ. “ಆಮೇಲೆ, ಇನ್ನು ಹೇಳಬೇಡಿ ಅಂದೆ.”

“ಹ್ಞೂಂ.” ಇಲ್ಲದ ಹಾಳೆಯ ಮೇಲೆ ಇಲ್ಲದ ಪೆನ್ನಿನಿಂದ ಅವರು ಏನನ್ನೋ ಬರೆದುಕೊಂಡರು. “ಆ ನಗು ಅವರಿಗೆ ಕೇಳಿಸಿತೇ?”

“ಗೊತ್ತಿಲ್ಲ. ಅದನ್ನೇ ಕೇಳೋದಕ್ಕೆ ಬಂದೆ.”

“ಕೇಳಿಸಿತು. ಆ ಗೋಡೆ ತೆಳ್ಳಗಿದೆ.”

ಮೂಗಿನ ಮೇಲೆ ಜಾರಿದ ಕನ್ನಡಕವನ್ನು ನಾನು ಮೇಲಕ್ಕೆ ತಳ್ಳಿಕೊಂಡೆ.

“ಗಾಜಿನ ಆಚೆ ನೀವಿದ್ದೀರಿ ಅಂತ ಅವರಿಗೆ ಗೊತ್ತಿತ್ತು. ನಿಮಗೇ ಹೇಳಿದ್ದು ಅದು. ಬೇರೆ ರೀತಿ ಹೇಳೋದಕ್ಕೆ ಅವರಿಗೆ ಬರುತ್ತಿರಲಿಲ್ಲ,” ಎಂದರು ಡಾಕ್ಟರು. “ನಗು ಕೇಳಿದ ಮೇಲೆ, ಡಾಕ್ಟರೇ ನಗುತ್ತಿದ್ದಾರೆ ಅಂದರೆ ಇದು ತಮಾಷೆಯೇ ಇರಬೇಕು ಅಂದುಕೊಂಡರು. ನಾಲ್ಕು ತಿಂಗಳು ನೆಮ್ಮದಿಯಾಗಿದ್ದರು. ಆಮೇಲೆ ನೆಮ್ಮದಿ ಇರಲಿಲ್ಲ. ಎರಡೂ ನಿಜ. ಎರಡನ್ನೂ ಬರೆದುಕೊಂಡಿದ್ದೇನೆ.”

“ಔಷಧಿ ಇದೆಯೇ, ಡಾಕ್ಟರ್?”

“ಇಲ್ಲ.” ಅವರು ಕಣ್ಣು ಮುಚ್ಚಿಕೊಂಡರು. ಬಹಳ ಹೊತ್ತಿನ ಮೇಲೆ, ಯಾರ ಧ್ವನಿ ಎಂದು ನಾನು ಇಂದಿಗೂ ಹೇಳಲಾರದ ಧ್ವನಿಯಲ್ಲಿ, “ಅದು ಒಳ್ಳೆಯ ನಗು, ಡಾರ್ಲಿಂಗ್. ಒಳಗೆ ಕತ್ತಲೆಯಲ್ಲಿದ್ದೆ. ಹೊರಗಿನಿಂದ ಮಳೆ ಬಂದ ಹಾಗೆ ಕೇಳಿಸಿತು. ಅದನ್ನು ವಾಪಸ್ ಕೇಳಬೇಡ,” ಎಂದರು.

ಹಾಗೇ ನಿದ್ದೆ ಹೋದರು. ಗಂಟೆ ಬಾರಿಸುವವರು ಯಾರೂ ಇರಲಿಲ್ಲ. ನೆರಳು ಹೊದಿಕೆಯ ಒಂದು ತುದಿಯಿಂದ ಇನ್ನೊಂದು ತುದಿಗೆ ಬರುವವರೆಗೆ ಕೂತಿದ್ದೆ. ಆಮೇಲೆ ಎದ್ದು, ಯಜಮಾನಿಗೆ ಹೇಳಿ ಹೊರಟೆ.

ಅರ್ಧ ದಾರಿಯಲ್ಲಿ, ವೇಕೋ ಊರಿನ ಹತ್ತಿರ ಪೆಟ್ರೋಲ್ ಹಾಕಿಸಲು ನಿಲ್ಲಿಸಿದಾಗ ಕಾರಿನ ಕನ್ನಡಿಯಲ್ಲಿ ನೋಡಿಕೊಂಡೆ. ಕನ್ನಡಕ ಮುಖದ ಮೇಲೇ ಇತ್ತು. ಫೋನ್ ಮಾಡಿದೆ. ಇನ್ನೂ ಮಲಗಿದ್ದಾಳೆ ಎಂದರು ಯಜಮಾನಿ. ಒಂಬತ್ತನೆಯ ದಿನ ಯಜಮಾನಿಯೇ ಫೋನ್ ಮಾಡಿ, ಆಂಟಿ ತೀರಿಕೊಂಡ ಸುದ್ದಿ ತಿಳಿಸಿದರು. ಆ ನಡುವೆ ನಾನೂ ಆಂಟಿಯೂ ಮಾತಾಡಲಿಲ್ಲ.

ದೃಶ್ಯ ಮುಗಿದ ಮೇಲೆ ಕನ್ನಡಕ ತೆಗೆದು ಮಡಿಸಿ ಮೇಜಿನ ಮೇಲೆ ಇಡಬೇಕು. ನಂತರ ಅನ್ನಿಸಿದ್ದನ್ನು ಹೇಳಬೇಕು, ಅದೇ ವಾಕ್ಯದ ರೂಪದಲ್ಲಿ. ನಾನು ಎರಡನ್ನೂ ಮಾಡಿರಲಿಲ್ಲ. ಈಗ ಆ ಕನ್ನಡಕ ಈ ಹಾಳೆಯ ಪಕ್ಕದಲ್ಲಿ, ಮಡಿಸಿಟ್ಟ ಹಾಗೇ ಇದೆ.

ಆಂಟಿ, ನೀವು ಗುಂಡಿ ಕಾಜಕ್ಕೆ ತಲುಪುತ್ತಿಲ್ಲ ಎಂದಾಗ ನನಗೆ ನಗು ಬಂತು. ಇನ್ನು ಹೇಳುವುದಿಲ್ಲ ಎಂದಾಗ ನನಗೆ ಏನೂ ಅನ್ನಿಸಲಿಲ್ಲ. ನನ್ನ ಮುಖಕ್ಕೆ ಕನ್ನಡಕ ಹಾಕಿ, ಕಡ್ಡಿ ತಪ್ಪಿದಾಗ ಮತ್ತೆ ಎತ್ತಿ ಸರಿಯಾಗಿ ಕೂರಿಸಿದಾಗ, ಈ ಕೋಣೆಯಿಂದ ನಿಮಗಿಂತ ಮೊದಲು ಹೊರಟುಹೋಗಬಾರದು ಎಂದು ನನಗೆ ಅನ್ನಿಸಿತು.